ಕಾರಣ ಹುಡುಕಿದ ಮನೆ

೨೧-೧೧-೨೦೨೩, ಮಂಗಳವಾರ

ಚನ್ನಗಿರಿಯ ಅಕ್ಕನಿಗೆ ಕಾಗದ ಬರೆಯಲು ಕೂತೆ. ಕೈ ತನ್ನಷ್ಟಕ್ಕೆ ತಾನೇ ‘ಇತ್ತ ನಾವೆಲ್ಲ ಕ್ಷೇಮ’ ಎಂದು ಬರೆದುಬಿಟ್ಟಿತು. ಹರಿದು ಹಾಕಿ ಇನ್ನೊಂದು ಹಾಳೆ ತೆಗೆದೆ. ಅದರಲ್ಲೂ ಹಾಗೇ ಆಯಿತು. ತಮ್ಮನ ಶಾಲೆ ಪುಸ್ತಕ ನೋಡಿ ಅಕ್ಷರ ಕಲಿತವಳು ನಾನು. ಕಲಿತ ದಿನದಿಂದ ಕಾಗದ ಅಂದರೆ ಹೀಗೇ ಶುರು, ಬೇರೆ ಥರ ಶುರು ಮಾಡಾಕೆ ಬರೋದಿಲ್ಲ. ಅದಕ್ಕೇ ಮೊಮ್ಮಗಳು ಲಿಖಿತಾಳ ಹಳೇ ನೋಟ್‌ಬುಕ್ಕಿನ ಖಾಲಿ ಹಾಳೆ ಹುಡುಕಿಕೊಂಡೆ. ಇಲ್ಲಿ ಯಾರಿಗೂ ಕ್ಷೇಮ ಹೇಳಬೇಕಾಗಿಲ್ಲ.

ಗುರುವಾರ ವಿನಯ ಹೋದ. ನನ್ನ ಮಗ ವಿನಯ್ ಕುಮಾರ್.

ನ್ಯಾಮತಿಯಲ್ಲಿ ಅವನದು ಮೋಟರ್ ರಿವೈಂಡಿಂಗ್ ಅಂಗಡಿ. ಸುತ್ತ ಯಾರ ಪಂಪ್‌ಸೆಟ್ಟು ಸುಟ್ಟರೂ ಇವನ ಹತ್ತಿರವೇ ಬರಬೇಕು. ತಾಮ್ರದ ತಂತಿ ತರುತ್ತೇನೆ ಎಂದು ಬೆಳಿಗ್ಗೆ ಹೊನ್ನಾಳಿಗೆ ಹೊರಟ. ಹೆಂಡತಿ ಶಿವಲೀಲಾ ಒಳಗಿನಿಂದ ಕೂಗಿದಳು, “ರೀ, ಹಂಗೇ ಟೈಲರ್ ಹತ್ರ ನನ್ನ ಬ್ಲೌಸ್ ಆಗಿದ್ರೆ ತಗೊಂಡು ಬರ್ರಿ.” “ಆಯ್ತು ಮಾರಾಯ್ತಿ” ಎಂದ. ಟೈಲರ್ ಅಂಗಡಿ ಮುಂದೆ ಬೈಕು ನಿಲ್ಲಿಸಿಕೊಂಡು ನಿಂತಿದ್ದನಂತೆ. ಹಿಂದಿನಿಂದ ಒಂದು ಗೂಡ್ಸ್ ಗಾಡಿ ಬಂತಂತೆ. ದಾರಿ ಸಣ್ಣದು. ಮಾತಿಗೆ ಮಾತು. ಗಾಡಿ ಹುಡುಗ ಇಳಿದು ಜಾಕಿನ ರಾಡು ತೆಗೆದುಕೊಂಡು ತಲೆಗೆ ಹೊಡೆದನಂತೆ. ಒಂದೇ ಏಟಂತೆ. ಶಿವಮೊಗ್ಗದ ಆಸ್ಪತ್ರೆ ಮುಟ್ಟಲಿಲ್ಲ.

ಇಷ್ಟೇ. ಯಾರದೋ ಮನೆ ಎಮ್ಮೆ ಈದ ಸುದ್ದಿ ಬರೆಯಲಿಕ್ಕೂ ನನಗೆ ಇದಕ್ಕಿಂತ ಹೆಚ್ಚು ಜಾಗ ಬೇಕು.

ನಮ್ಮಲ್ಲಿ ಕೂರಿಸಿ ಮಣ್ಣು ಮಾಡುವುದು. ಆಸ್ಪತ್ರೆಯವರು ಕೊಯ್ದು ಹೊಲಿದು ಕೊಟ್ಟಿದ್ದರು, ಕೂರಿಸಾಕೆ ಬರಲಿಲ್ಲ. ಮಲಗಿಸಬೇಕಾಯಿತು. ನಾನು ಸ್ವಾಮಿಗಳ ಮುಖ ನೋಡಿದೆ. “ಮಲಗಲಿ ಬಿಡವ್ವ, ದಣಿದಾನೆ” ಎಂದರು.

ಶಿವಲೀಲಾ ಅಳುತ್ತಿಲ್ಲ. ನನ್ನ ತೊಡೆ ಮೇಲೆ ತಲೆ ಇಟ್ಟು ಕಣ್ಣು ಬಿಟ್ಟುಕೊಂಡು ಮಲಗುತ್ತಾಳೆ. ತಲೆ ಸವರುತ್ತೇನೆ. ಸೊಸೆ ಅಂತ ನಾನು ಯಾವತ್ತು ಅಂದಿದ್ದೇನೆ? ನನ್ನ ಮಗಳು.

೨೬-೧೧-೨೦೨೩, ಭಾನುವಾರ

ಹನ್ನೊಂದನೇ ದಿನದ ಕಾರ್ಯ. ಬುತ್ತಿ ಹೊತ್ತು ತಂದವರೆಲ್ಲ ಗಂಟು ಬಿಚ್ಚಿ ರೊಟ್ಟಿ, ಮೊಸರನ್ನ ಬಡಿಸುವುದು, ಕಣ್ಣೊರೆಸಿಕೊಳ್ಳುವುದು, ಆಮೇಲೆ ಒಂದೇ ಪ್ರಶ್ನೆ.

“ಹಳೇ ದ್ವೇಷ ಏನಾದ್ರೂ ಇತ್ತೇನವ್ವ?”

“ಇಲ್ಲ.”

“ಜಮೀನು ಗಿಮೀನು?”

“ಇಲ್ಲ.”

“ಮತ್ತೆ ಸುಮ್ಮನೆ ಯಾರು ಹೊಡೀತಾರೆ?”

ನನ್ನನ್ನೇ ಕೇಳುತ್ತಾರೆ! ನನಗೆ ಗೊತ್ತಿದ್ದೂ ಬಚ್ಚಿಟ್ಟುಕೊಂಡಿದ್ದೇನೆ ಅನ್ನುವ ಹಾಗೆ.

ನಲ್ಲೂರಿನ ಪಂಚಾಕ್ಷರಪ್ಪ ನಮ್ಮ ಮನೆಯವರಿಗೆ ಚಿಕ್ಕಪ್ಪನ ಮಗ. ಊಟ ಮುಗಿಸಿ ನನ್ನ ಪಕ್ಕ ಕೂತು ಫೋನು ಮುಂದೆ ಹಿಡಿದ. “ಅತ್ತಿಗೆ, ಇದು ನಮ್ಮ ವಿನಯನೇ ಹೌದಾ? ನಮ್ಮೂರ ಗ್ರೂಪಿಗೆ ಬಂದೈತೆ. ಒಂದ್ಸಲ ನೋಡಿ ಹೇಳು.”

ನಾನು ಏನೋ ಫೋಟೋ ಅಂದುಕೊಂಡೆ, ವಿಡಿಯೋ. ವಿನಯನ ಬೆನ್ನು ಕಂಡಿತು. ಚೌಕಳಿ ಅಂಗಿ. ಬೈಕಿಗೆ ಒರಗಿ ನಿಂತಿದ್ದಾನೆ. ಸದ್ದಿಲ್ಲ. ಇನ್ನೊಬ್ಬ ಬಂದ.

ಅಷ್ಟರಲ್ಲಿ ನಮ್ಮ ಮನೆಯವರು ಎಲ್ಲಿದ್ದರೋ ಬಂದು ಫೋನು ಕಿತ್ತುಕೊಂಡರು. ಬಚ್ಚಲಿಗೆ ಹೋಗಿ ಹಂಡೆಯೊಳಗೆ ಹಾಕಿ ಮುಚ್ಚಳ ಮುಚ್ಚಿದರು.

“ಅಣ್ಣಾ! ಹೊಸಾ ಫೋನು ಕಣಣ್ಣಾ!”

“ನೀರು ಕುಡೀಲಿ ಬಿಡೋ. ಪಾಪ, ಎಷ್ಟು ಊರು ಸುತ್ತಿ ಬಂದೈತೋ.”

ಇವರು ಈ ಹನ್ನೊಂದು ದಿನದಲ್ಲಿ ಆಡಿದ ಉದ್ದದ ಮಾತು ಇದೇ. ನನಗೆ ನಗು ಬಂತು. ಆ ಹೊತ್ತಿನಲ್ಲಿ ನಗು ಬಂತಲ್ಲ ಎಂದು ಭಯವಾಗಿ ಸೆರಗು ಬಾಯಿಗೆ ಒತ್ತಿಕೊಂಡೆ. ಅಳುತ್ತಿದ್ದೇನೆ ಎಂದು ತಿಳಿದು ನಾಲ್ಕು ಜನ ಬಂದು ಹಿಡಿದುಕೊಂಡರು.

೦೪-೧೨-೨೦೨೩

ಇವರು ವಿನಯನ ಬೈಕು ಒರೆಸುತ್ತಾರೆ. ಪೊಲೀಸರು ಬಿಟ್ಟುಕೊಟ್ಟ ದಿನದಿಂದ ದಿನಾ ಇದೇ ಕೆಲಸ. ಓಡಿಸಲು ಬರೋದಿಲ್ಲ, ಮಾರಾಕೂ ಒಪ್ಪೋದಿಲ್ಲ. ಒರೆಸಿ, ಸ್ಟ್ಯಾಂಡ್ ಹಾಕಿ, ಗೋಡೆಗೆ ಇನ್ನಷ್ಟು ಒತ್ತಿಸಿ ನಿಲ್ಲಿಸುತ್ತಾರೆ. “ಯಾರಿಗೂ ಅಡ್ಡ ಆಗಬಾರದು” ಎನ್ನುತ್ತಾರೆ.

ಲಿಖಿತಾ ಶಾಲೆಯಿಂದ ಬಂದವಳು ಹೇಳಿದಳು, “ಅಜ್ಜಿ, ನಮ್ಮಪ್ಪ ಟಿವಿಯಾಗೆ ಬಂದಿದ್ದ ಅಂತೆ. ನನಗೆ ಯಾಕೆ ತೋರಿಸಲಿಲ್ಲ?” ಆರು ವರ್ಷದ ಕೂಸಿಗೆ ಏನು ಹೇಳಲಿ? ಕರೆಂಟು ಹೋಗಿತ್ತು ಎಂದೆ.

ಶಿವಲೀಲಾ ಇವತ್ತು ಅಂಗಡಿ ಬಾಗಿಲು ತೆಗೆದಳು. ವಿನಯ ಇದ್ದಾಗಲೇ ಪಕ್ಕ ಕೂತು ತಂತಿ ಸುತ್ತುತ್ತಿದ್ದಳು, ಕೈಗೆ ಕೆಲಸ ಹತ್ತಿತ್ತು. ದೊಡ್ಡ ಮೋಟರು ಬಿಚ್ಚಲು ಎದುರು ಅಂಗಡಿಯ ಅಂಜಿನಪ್ಪ ಬರುತ್ತೇನೆ ಎಂದಿದ್ದಾನೆ. ಒಳ್ಳೇದಾಯಿತು. ಮನೆಯಲ್ಲಿ ಕೂತರೆ ಗೋಡೆ ಮೈಮೇಲೆ ಬರುತ್ತದೆ. ಸಂಜೆ ಬಂದಾಗ ಬೆರಳಿಗೆಲ್ಲ ವಾರ್ನಿಷ್ ವಾಸನೆ. ವಿನಯನ ವಾಸನೆಯೇ. ನಾನು ಆ ಕೈ ಹಿಡಿದುಕೊಂಡು ಕೂತೆ, ಅವಳು ಬಿಡಿಸಿಕೊಳ್ಳಲಿಲ್ಲ.

೧೯-೧೨-೨೦೨೩

ಬಸವಾಪಟ್ಟಣದಿಂದ ಮಗಳು ಸಂಧ್ಯಾರಾಣಿ ಬಂದಿದ್ದಾಳೆ. ಬರುವಾಗ ಕಣ್ಣು ಒರೆಸಿಕೊಂಡು ಬರುತ್ತಾಳೆ, ಹೋಗುವಾಗ ಏನಾದರೊಂದು ನನ್ನ ಕಿವಿಗೆ ಹಾಕಿ ಹೋಗುತ್ತಾಳೆ.

“ಅವ್ವ, ಒಂದು ಕೇಳ್ಲಾ? ಬ್ಲೌಸ್ ತರಾಕೆ ಗಂಡಸರನ್ನ ಯಾರಾದ್ರೂ ಕಳಿಸ್ತಾರಾ?”

“ತಂತಿ ತರಾಕೆ ಹೋಗಿದ್ದ ಕಣೇ.”

“ತಂತಿ ಅಂಗಡಿ ಬಸ್‌ಸ್ಟ್ಯಾಂಡ್ ಹತ್ರ. ಆ ಗಲ್ಲಿಗೆ ಯಾಕೆ ಹೋದ? ಅವಳು ಹೇಳಿದ್ದಕ್ಕೆ ಹೋದ.”

“ಬಾಯಿ ಮುಚ್ಚು. ಅವಳಿಗೇನು ಕನಸು ಬಿದ್ದಿತ್ತಾ?”

“ನಾನು ಏನಾದ್ರೂ ಅಂದ್ನಾ? ಹೋಗಬೇಕಾಗಿರಲಿಲ್ಲ ಅಂದೆ ಅಷ್ಟೇ. ಅಣ್ಣ ಹೋಗಿದ್ದಾನೆ, ಹೆಂಡತಿ ಕಣ್ಣಾಗೆ ಒಂದು ಹನಿ ಇಲ್ಲ. ನೀನೂ ನೋಡ್ತಾ ಇದೀಯ.”

ಚೆನ್ನಾಗಿ ಬೈದೆ. ಇನ್ನೊಂದು ಸಲ ಈ ಮಾತು ಎತ್ತಿದರೆ ಬಾಗಿಲು ತುಳೀಬೇಡ ಎಂದೂ ಅಂದೆ. ಅತ್ತಳು. ಹೋಗುವಾಗ ಸಮಾಧಾನ ಮಾಡಿ, ಅರಿಶಿನ ಕುಂಕುಮ ಕೊಟ್ಟು ಕಳಿಸಿದೆ.

ತಂತಿ ಅಂಗಡಿ ಬಸ್‌ಸ್ಟ್ಯಾಂಡ್ ಹತ್ತಿರ ಇರುವುದು ನಿಜವೇ.

೧೫-೦೧-೨೦೨೪, ಸಂಕ್ರಾಂತಿ

ಎಳ್ಳು ಬೆಲ್ಲ ಬೀರಲಿಲ್ಲ. ಶಿವಲೀಲಾ ಅಂಗಡಿಗೆ ಹೋದ ಮೇಲೆ ಹೊನ್ನಾಳಿಯ ಟೈಲರ್ ಬಂದ. ಚಿಕ್ಕಹನುಮಂತಪ್ಪ ಎಂದು ಹೆಸರು ಹೇಳಿದ. ಬಾಗಿಲ ಹೊರಗೇ ನಿಂತ. ಕೈಯಲ್ಲಿ ಒಂದು ಕವರು.

“ಅಮ್ಮ, ಇದು ಯಾರಿಗೆ ಕೊಡಬೇಕೋ ತಿಳೀಲಿಲ್ಲ. ಎರಡು ತಿಂಗಳಿಂದ ಇಟ್ಕೊಂಡು ಕೂತೀನಿ.”

ಒಳಗೆ ಬಾ ಎಂದರೂ ಬರಲಿಲ್ಲ.

“ಅವತ್ತು ಆಗಿರಲಿಲ್ಲಮ್ಮ. ಹುಕ್ಸ್ ಒಂದು ಹಾಕೋದಿತ್ತು. ಐದು ನಿಮಿಷ ಕೂತ್ಕೋ ತಮ್ಮ ಅಂದೆ. ಹೊರಗೇ ನಿಂತಿರ್ತೀನಿ ಅಣ್ಣ, ಬೈಕ್ ಐತೆ ಅಂದ. ಹಿಂದಿನ ದಿನಾನೇ ಹಾಕಿ ಇಟ್ಟಿದ್ರೆ…”

ಆ ಮನುಷ್ಯ ನಮ್ಮ ಹೊಸ್ತಿಲ ಮೇಲೆ ಕುಸಿದು ಕೂತು ಅತ್ತ. ಹುಕ್ಸಿಗೂ ಸಾವಿಗೂ ಏನಪ್ಪಾ ಸಂಬಂಧ, ನೀನು ಹೊಡೆದೆಯಾ, ಎದ್ದೇಳು ಎಂದು ನೀರು ಕುಡಿಸಿ ಕಳಿಸಿದೆ.

ಬ್ಲೌಸನ್ನು ನನ್ನ ಟ್ರಂಕಿನ ತಳದಲ್ಲಿ ಇಟ್ಟೆ. ಸೊಸೆಗೆ ಹೇಳಲಿಲ್ಲ. ನೋಡಿದರೆ ನೊಂದುಕೊಳ್ಳುತ್ತಾಳೆ. ಅದಕ್ಕೇ.

೦೯-೦೨-೨೦೨೪, ಅಮಾವಾಸ್ಯೆ

ಸಂಧ್ಯಾ ಬಿಡಲಿಲ್ಲ. ಒಂದು ಸಲ ಕೇಳಿಸಿಬಿಡೋಣ, ಮನಸ್ಸಿಗಾದರೂ ನೆಮ್ಮದಿ ಎಂದಳು. ಜಗಳೂರಿನ ಆಚೆ ಒಂದು ಗುಡಿ. ಅಮಾವಾಸ್ಯೆ ದಿನ ಅಲ್ಲಿಯ ಅಜ್ಜನ ಮೈಮೇಲೆ ದೇವರು ಬರುತ್ತದೆ, ಕೇಳಿದವರಿಗೆ ಹೇಳಿಕೆ ಆಗುತ್ತದೆ. ದನ ಕಳೆದವರು, ಮಕ್ಕಳಾಗದವರು, ನಮ್ಮಂಥವರು. ಬಿಸಿಲಿನಲ್ಲಿ ಸಾಲು. ಶಿವಲೀಲಾಗೆ ದಾವಣಗೆರೆಗೆ ಕಣ್ಣು ತೋರಿಸಾಕೆ ಹೋಗ್ತೀನಿ ಎಂದಿದ್ದೆ. ಆಕೆಯ ತವರು ಜಗಳೂರು, ಗುಡಿಗೆ ಹತ್ತಿರ. ಯಾರಾದರೂ ಗುರುತು ಹಿಡಿದಾರು ಎಂದು ಸೆರಗು ಹೊದ್ದೇ ಕೂತಿದ್ದೆ.

ನಮ್ಮ ಸರದಿ ಬಂತು. ಸಂಧ್ಯಾ ಹೆಸರು, ಊರು ಎಲ್ಲಾ ಹೇಳಿದಳು. ಅಜ್ಜ ಬೇವಿನ ಸೊಪ್ಪು ಕೊಡವಿ, ಅಷ್ಟು ಜನರ ನಡುವೆ ಕೂಗಿ ಹೇಳಿದ.

“ಹೊರಗಿನ ಕೈ ಹೊಡೀತು. ಒಳಗಿನ ಬಾಯಿ ಕಳಿಸ್ತು.”

ನಾನು ಇನ್ನೂ ಅರ್ಥ ಮಾಡಿಕೊಳ್ಳುತ್ತಿದ್ದೆ, ಸಂಧ್ಯಾ ನನ್ನ ತೋಳು ಚಿವುಟಿದಳು. ಹಿಂದೆ ಕೂತ ಹೆಂಗಸೊಬ್ಬಳು ಲೊಚಗುಟ್ಟಿ, “ಅಯ್ಯೋ, ಮನೆಯವರೇ ಅಂತೆ” ಎಂದಳು.

ಮನೆಗೆ ಬಂದಾಗ ಶಿವಲೀಲಾ ಕೇಳಿದಳು, “ಏನಂದ್ರು ಅತ್ತೆ, ಪೊರೆ ಬಂದೈತಂತಾ?”

ಇನ್ನೂ ಬಲಿತಿಲ್ಲವಂತೆ ಎಂದೆ.

೧೩-೦೨-೨೦೨೪

ನಾನು ಅದನ್ನೆಲ್ಲ ನಂಬಿಲ್ಲ.

ಟೀ ನಾನೇ ಮಾಡಿಕೊಂಡೆ. ಯಾಕೋ ಹೊಟ್ಟೆ ಸರಿ ಇಲ್ಲ.

೦೨-೦೩-೨೦೨೪

ಹೊಟ್ಟೆ ಇನ್ನೂ ಸರಿಯಾಗಿಲ್ಲ. ಬೆಳಿಗ್ಗೆ ಎರಡು ರೊಟ್ಟಿ ನಾನೇ ತಟ್ಟಿಕೊಳ್ಳುತ್ತೇನೆ. ಲಿಖಿತಾಳನ್ನು ಈಗ ನನ್ನ ಮಗ್ಗುಲಲ್ಲೇ ಮಲಗಿಸಿಕೊಳ್ಳುತ್ತೇನೆ, ಅಂಗಡಿಯಲ್ಲಿ ದುಡಿದು ಬಂದವಳಿಗೆ ನಿದ್ದೆ ಆಗಲಿ ಅಂತ.

ಅಂಗಡಿ ಮುಂದೆ ಹಾದು ಬಂದೆ. ಯಾರೋ ಗಿರಾಕಿ ಏನೋ ಅಂದ, ಆಕೆ ನಕ್ಕಳು. ಹಲ್ಲು ಕಾಣುವ ಹಾಗೆ. ನಾನು ಲೆಕ್ಕ ಇಡುತ್ತಿಲ್ಲ, ಕಣ್ಣಿಗೆ ಬಿತ್ತು ಅಷ್ಟೇ.

ಇವರು ಕೇಳಿದರು, “ಏನೇ, ಒಂದೇ ಮನೇಲಿ ಎರಡು ಸಲ ರೊಟ್ಟಿ ತಟ್ತೀರಲ್ಲ? ಹೋಟ್ಲು ಇಟ್ಟೀರಾ?”

ಇವರಿಗೆ ಬೈಕು ಒರೆಸುವುದು ಬಿಟ್ಟು ಬೇರೆ ಏನು ಗೊತ್ತು.

೦೯-೦೪-೨೦೨೪, ಯುಗಾದಿ

ಸಾವಾದ ಮನೆಯಲ್ಲಿ ಎಣ್ಣೆ ಬಾಣಲೆ ಇಡುವಂತಿಲ್ಲ. ಮೊದಲ ದೊಡ್ಡ ಹಬ್ಬಕ್ಕೆ ಬೀಗರು ಬಂದು, ತಾವು ತಂದ ಎಣ್ಣೆ ಹಾಕಿ, ತಾವೇ ಏನಾದರೂ ಕರಿದು ನಮ್ಮ ಬಾಯಿಗೆ ಇಡಬೇಕು. ಅಲ್ಲಿಗೆ ದುಃಖದ ಅಡುಗೆ ಮುಗಿಯಿತು ಎಂದು. ನಮ್ಮ ಮನೆತನದಲ್ಲಿ ಹಿಂದಿನಿಂದ ಹೀಗೇ.

ಜಗಳೂರಿನಿಂದ ಆಕೆಯ ಅಣ್ಣ ಗುರುಬಸವರಾಜ, ತಾಯಿ ಸರ್ವಮಂಗಳಮ್ಮ ಬೆಳಿಗ್ಗೆಯೇ ಬಂದರು. ಎಣ್ಣೆ, ಕಡಲೆಹಿಟ್ಟು, ಹೊಸ ಬಾಣಲೆ ಎಲ್ಲ ತಂದಿದ್ದರು. ಆ ಮುದುಕಿ ನನ್ನ ಕೈ ಹಿಡಿದು, “ಬೀಗಿತಿ, ಏಳ್ರಿ, ನಿಮ್ಮ ಕೈಯಾರೆ ಒಲೆ ಹಚ್ಚಿಕೊಡ್ರಿ” ಎಂದಳು. ಮಂಡಿ ನೋವಿನಲ್ಲಿ ಮೂರು ಬಸ್ಸು ಬದಲಾಯಿಸಿ ಬಂದಿದ್ದಾಳೆ.

ಗ್ಯಾಸು ಮುಗಿದೈತೆ ಎಂದೆ.

ಗುರುಬಸವರಾಜ ಸಿಲಿಂಡರ್ ಎತ್ತಿ ನೋಡಿದ. ಭಾರ ಇತ್ತು. ಅವನ ಮುಖ ಕೆಂಪಾಯಿತು. ಮೆಲ್ಲಗೆ ಇಟ್ಟ. ಆಕೆ ಅಡುಗೆಮನೆ ಬಾಗಿಲಲ್ಲಿ ನಿಂತು ನನ್ನನ್ನೇ ನೋಡುತ್ತಿದ್ದಳು. ನಾನು ನೋಡಲಿಲ್ಲ.

ಬಂದವರು ಮಜ್ಜಿಗೆ ಕುಡಿದು ಹೊರಟರು. ಬಾಣಲೆ ವಾಪಸು ಚೀಲಕ್ಕೆ ಹಾಕುವಾಗ ಸದ್ದಾಯಿತು.

ಅವರು ಹೋದ ಮೇಲೆ ಇವರು ನನ್ನ ಎದುರು ನಿಂತರು. “ಏನಾಗೈತೆ ನಿನಗೆ?”

“ಏನೂ ಆಗಿಲ್ಲ. ಇಷ್ಟು ಬೇಗ ಕರಿದಿದ್ದು ತಿನ್ನಾಕೆ ನನಗೆ ಮನಸ್ಸಿಲ್ಲ.”

“ಮಗ ಸತ್ತಿದ್ದಕ್ಕೆ ನಾನೊಬ್ಬನೇ ಹುಚ್ಚ ಆದೆ ಅನ್ಕೊಂಡಿದ್ದೆ” ಎಂದು ಹೊರಗೆ ಹೋದರು.

೧೭-೧೧-೨೦೨೪

ನಿನ್ನೆಗೆ ವರ್ಷ. ಪೂಜೆ ಆಯಿತು. ಏನೂ ಬರೆಯಲು ತೋಚುತ್ತಿಲ್ಲ.

ಮನೆಯಲ್ಲಿ ಮಾತು ಲಿಖಿತಾಳ ಮೂಲಕ. “ಅಜ್ಜಿಗೆ ಕೇಳು, ಸಾರಿಗೆ ಉಪ್ಪು ಹಾಕ್ಯಾರಾ?” “ನಿಮ್ಮಮ್ಮನಿಗೆ ಹೇಳು, ಹಾಕಿದೀನಿ.” ಕೂಸು ನಡುವೆ ನಿಂತು ಇಬ್ಬರಿಗೂ ಒಪ್ಪಿಸುತ್ತದೆ. ಮೊನ್ನೆ ಅದೂ ರೇಗಿತು. “ನೀವಿಬ್ಬರೂ ಪಕ್ಕದಾಗೇ ಇದೀರಲ್ಲ!”

೦೬-೦೧-೨೦೨೫, ಸೋಮವಾರ

ದಾವಣಗೆರೆ ಕೋರ್ಟಿನಿಂದ ಸಮನ್ಸು ಬಂತು. ಇಪ್ಪತ್ತೊಂದಕ್ಕೆ ಆಕೆಯ ಸಾಕ್ಷಿ, ಮರುದಿನ ನನ್ನದು.

೨೧-೦೧-೨೦೨೫, ಮಂಗಳವಾರ



ಶಿವಲೀಲಾ ಸಾಕ್ಷಿ ಕಟ್ಟೆಯಲ್ಲಿ ಚೆನ್ನಾಗಿಯೇ ಹೇಳಿದಳು. ಯಾವಾಗ ಹೊರಟರು, ಯಾಕೆ ಹೊರಟರು, ಯಾವ ಅಂಗಿ ಎಲ್ಲ. ಆಮೇಲೆ ಆ ಗಾಡಿ ಹುಡುಗನ ಕಡೆಯ ವಕೀಲ ಪಾಟಿ ಸವಾಲಿಗೆ ಎದ್ದ. ಎರಡು ಮಾತು ಏನೋ ಕೇಳಿ, ಕನ್ನಡಕ ತೆಗೆದು, ನಿಧಾನಕ್ಕೆ ಕೇಳಿದ.

“ನೀವೇ ಆ ಗಲ್ಲಿಗೆ ಕಳಿಸಿದ್ದು ಅಲ್ವಾ?”

“ಬ್ಲೌಸ್ ತನ್ನಿ ಅಂದಿದ್ದೆ.”

“ನಿಮ್ಮ ಅತ್ತೆ, ನಾದಿನಿ ಜಗಳೂರು ಕಡೆ ಗುಡಿಯಲ್ಲಿ ಹೇಳಿಕೆ ಕೇಳಿಸಿದ್ದು ಗೊತ್ತಾ? ಒಳಗಿನವರೇ ಕಳಿಸಿದ್ದು ಅಂತ ಅಲ್ಲಿ ಬಂತಂತೆ. ನಿಮ್ಮ ಮನೆಯವರೇ ನಿಮ್ಮನ್ನ ಅನುಮಾನಿಸ್ತಾ ಇದಾರೆ. ಬೇರೆ ಯಾರೋ ಮಾಡಿಸಿದ್ದು, ಈ ಹುಡುಗನ ತಲೆಗೆ ಕಟ್ಟಿದೀರಿ.”

ಸರ್ಕಾರಿ ವಕೀಲರು ಎದ್ದು ಕೂಗಿದರು. ಜಡ್ಜ್ ಸಾಹೇಬರು ಅದೆಲ್ಲ ಬೇಡ ಎಂದರು. ಬೇಡ ಎಂದರೇನು, ಮಾತು ಬಿದ್ದಾಗಿತ್ತು. ನಾನು ಹೊರಗೆ ಬೆಂಚಿನ ಮೇಲಿದ್ದೆ, ನನ್ನ ಸಾಕ್ಷಿ ಆಗುವವರೆಗೆ ಒಳಗೆ ಬಿಡೋದಿಲ್ಲವಂತೆ. ಎಲ್ಲಾ ಬಂದು ಹೇಳಿದವರು ಇವರು. ಶಿವಲೀಲಾ ಒಂದೇ ಮಾತು ಹೇಳಿದಳಂತೆ, “ನನಗೆ ಗೊತ್ತಿಲ್ಲ.”

ಅವತ್ತು ಗುಡಿ ಮುಂದೆ ಅಷ್ಟು ಜನ. ಹೊನ್ನಾಳಿಯವರು ಯಾರಾದರೂ ಇರಲೇಬೇಕಲ್ಲ. ನನಗೆ ಯಾಕೆ ಹೊಳೆಯಲಿಲ್ಲ? ನಮ್ಮ ಮನೆ ಕತೆಯನ್ನು ನಾವೇ ಬೀದಿಯಲ್ಲಿ ನಿಂತು ಕೂಗಿ ಬಂದಿದ್ದೇವೆ.

ಮನೆಗೆ ಬಂದು ಕಾಲು ತೊಳೆಯುವಾಗ ಶಿವಲೀಲಾ ನೇರ ನನ್ನನ್ನೇ ಕೇಳಿದಳು. ಎಷ್ಟೋ ತಿಂಗಳ ಮೇಲೆ.

“ಕಣ್ಣು ತೋರಿಸಾಕೆ ಹೋಗಿದ್ದು ಅದಕ್ಕೇನಾ?”

ಕೈಯಲ್ಲಿದ್ದ ಚೊಂಬು ಕೆಳಗಿಟ್ಟೆ.

“ಲಿಖಿತಾ ಹೆಂಗೂ ಸಂಕ್ರಾಂತಿಗೆ ಹೋದವಳು ಜಗಳೂರಿನಾಗೇ ಅದಾಳೆ. ನಾಳೆ ನಿಮ್ಮ ಸಾಕ್ಷಿ ಆದ ಮೇಲೆ ನಾನೂ ಅಣ್ಣನ ಜೊತೆ ಹೋಗ್ತೀನಿ. ಅಂಗಡಿ ಅಂಜಿನಪ್ಪನಿಗೆ ಕೊಟ್ಟುಬಿಡ್ರಿ.”

ಸರ್ಕಾರಿ ವಕೀಲರು ಫೋನು ಮಾಡಿದ್ದರು. “ಅಮ್ಮ, ನಾಳೆ ನಿಮ್ಮನ್ನೂ ಅದನ್ನೇ ಕೇಳ್ತಾನೆ. ಅನುಮಾನ ಇರಲಿಲ್ಲ ಅಂತ ಹೇಳ್ರಿ, ಅಷ್ಟೇ. ಉದ್ದ ಮಾತು ಬೇಡ.” ಇವರೂ ಅದನ್ನೇ ಹೇಳಿದರು. “ಇಲ್ಲ ಅನ್ನು. ಮುಗೀತು.”

ಇಲ್ಲ ಅಂದರೆ ಕೇಸಿಗೆ ಒಳ್ಳೇದು. ಆದರೆ ಆ ಇಲ್ಲ ಎಂಬ ಮಾತನ್ನು ಹಿಂದೆ ಕೂತು ಶಿವಲೀಲಾ ಕೇಳುತ್ತಾಳೆ.

೨೩-೦೧-೨೦೨೫, ಗುರುವಾರ

ನಿನ್ನೆಯದನ್ನು ಇವತ್ತು ಬರೆಯುತ್ತಿದ್ದೇನೆ.

ಕೋರ್ಟಿನ ವರಾಂಡದಲ್ಲಿ ಬೆಂಚಿನ ಮೇಲೆ ಕೂತಿದ್ದೆ. ಪೊಲೀಸಿನವನು ಆ ಹುಡುಗನನ್ನು ಕರೆತಂದು ನನ್ನಿಂದ ಒಂದು ಮಾರು ದೂರದಲ್ಲಿ ಗೋಡೆಗೆ ನಿಲ್ಲಿಸಿದ. ನಾನು ಅವನನ್ನು ಹತ್ತಿರದಿಂದ ನೋಡಿದ್ದು ಅದೇ ಮೊದಲು. ರಾಕ್ಷಸ ಎಂದುಕೊಂಡಿದ್ದೆ. ಅಂಗಿ ಗುಂಡಿ ಮೇಲೆ ಕೆಳಗೆ ಆಗಿತ್ತು. ಮೂಗು ಸೋರುತ್ತಿತ್ತು, ಬೇಡಿ ಹಾಕಿದ ಕೈಯಲ್ಲೇ ಒರೆಸಿಕೊಂಡ. ಆಚೆ ಕಂಬದ ಹತ್ತಿರ ಅವನ ಅಪ್ಪ ಇರಬೇಕು, ಟಿಫಿನ್ ಬಾಕ್ಸ್ ಹಿಡಿದು, ಕೊಡಬಹುದೋ ಬಾರದೋ ಎಂದು ಪೊಲೀಸಿನವನ ಮುಖ ನೋಡುತ್ತಿದ್ದ.

ನನಗೆ ತಿಳಿಯದೆಯೇ ಕೇಳಿದೆ, “ಯಾಕಪ್ಪಾ ಹೊಡೆದೆ?”

ಅವನು ನನ್ನ ಕಾಲು ನೋಡಿಕೊಂಡು ಹೇಳಿದ, “ಹಾರನ್ ಹೊಡೆದೆ ಅಮ್ಮ. ತಿರುಗಿ ನೋಡಲಿಲ್ಲ.”

“ಏಯ್, ಸುಮ್ನಿರೋ!” ಪೊಲೀಸಿನವನು ಗದರಿದ.

ನಾನು ಕಾದೆ. ಇನ್ನೂ ಏನಾದರೂ ಹೇಳುತ್ತಾನೆ ಎಂದು. ಹೇಳಲಿಲ್ಲ. ಅಷ್ಟೇ ಇತ್ತು. ಅವತ್ತಿನಿಂದ ಎಲ್ಲರೂ ಹೇಳುತ್ತಾ ಬಂದಿದ್ದೂ ಅಷ್ಟೇ.

ಆಮೇಲೆ ನನ್ನ ಹೆಸರು ಕೂಗಿದರು. ಕಸ್ತೂರಮ್ಮ ಕೋಂ ಷಣ್ಮುಖಪ್ಪ. ಪ್ರಮಾಣ ಮಾಡಿಸಿದರು. ಸರ್ಕಾರಿ ವಕೀಲರು ಕೇಳಿದ್ದಕ್ಕೆಲ್ಲ ಹೇಳಿದೆ. ಆ ವಕೀಲ ಎದ್ದ. ಗುಡಿ ಹೆಸರು ಎತ್ತಲಿಲ್ಲ, ಜಾಣ. ಬೇರೆ ಥರ ಕೇಳಿದ.

“ನಿಮಗೆ ನಿಮ್ಮ ಸೊಸೆ ಮೇಲೆ ಅನುಮಾನ ಇತ್ತು. ಹೌದೋ ಅಲ್ವೋ?”

ಹಿಂದಿನ ಬೆಂಚಿನಲ್ಲಿ ಇವರು ತಲೆ ಅಲ್ಲಾಡಿಸುತ್ತಿದ್ದುದು ಕಂಡಿತು. ಅವರ ಪಕ್ಕ ಶಿವಲೀಲಾ, ಅವಳ ಆಚೆ ಅಣ್ಣ. ಕಾಲ ಹತ್ತಿರ ಅವಳ ಬಟ್ಟೆ ಚೀಲ.

“ಹೌದು, ಇತ್ತು” ಎಂದೆ.

ಸರ್ಕಾರಿ ವಕೀಲರು ಕೈಯಲ್ಲಿದ್ದ ಪೆನ್ನು ಟೇಬಲ್ ಮೇಲೆ ಹಾಕಿದರು. ಆ ವಕೀಲ ಅಷ್ಟೇ ಸಾಕು ಎಂದು ಕೂರಲು ಹೋದ. ನಾನು ಜಡ್ಜ್ ಸಾಹೇಬರ ಕಡೆ ತಿರುಗಿ, “ಸ್ವಾಮಿ, ಅರ್ಧಕ್ಕೆ ನಿಲ್ಲಿಸಿದ್ರೆ ಸುಳ್ಳಾಗ್ತೈತೆ, ಪೂರ್ತಿ ಹೇಳ್ತೀನಿ” ಎಂದೆ. ಅವರು ಹೇಳಿ ಎಂದರು.

ಏನು ಹೇಳಿದೆನೋ ಈಗ ಅದೇ ಮಾತಿನಲ್ಲಿ ನೆನಪಿಲ್ಲ. ಒಬ್ಬ ಮನುಷ್ಯ ರಸ್ತೆಯಲ್ಲಿ ಬೈಕು ನಿಲ್ಲಿಸಿದ್ದಕ್ಕೆ ಸಾಯ್ತಾನೆ ಅಂದರೆ ನನಗೆ ನಂಬಾಕೆ ಆಗಲಿಲ್ಲ ಸ್ವಾಮಿ. ನನ್ನ ಮಗನನ್ನ ಮೂವತ್ತನಾಲ್ಕು ವರ್ಷ ಸಾಕಿದ್ದೆ. ಅವನ ಸಾವಿಗೆ ಅಷ್ಟು ಸಣ್ಣ ಕಾರಣ ನನಗೆ ಸಾಲಲಿಲ್ಲ. ದೊಡ್ಡದು ಹುಡುಕಿದೆ. ಹೊರಗೆ ಸಿಗಲಿಲ್ಲ, ಮನೆಯೊಳಗೆ ಹುಡುಕಿದೆ. ಕೈಗೆ ಹತ್ತಿರ ಇದ್ದವಳು ಇವಳು. ಇವಳು ಏನೂ ಮಾಡಿಲ್ಲ. ಬ್ಲೌಸ್ ತನ್ನಿ ಅಂದಳು, ಅಷ್ಟೇ. ಗುಡಿಯ ಅಜ್ಜ ಹೇಳದೇ ಇದ್ದಿದ್ದರೂ ನಾನು ಇವಳನ್ನೇ ಹಿಡಿಯುತ್ತಿದ್ದೆ. ಈಗ ಹೊರಗೆ ಈ ಹುಡುಗನನ್ನೇ ಕೇಳಿ ಬಂದೆ. ಹೀಗೇ ಏನೇನೋ.

“ಹುಡುಗನನ್ನ ಕೇಳಿದ್ರಾ?” ಎಂದು ವಕೀಲ ಜಿಗಿದು ನಿಂತ. ಅಲ್ಲಿ ಸ್ವಲ್ಪ ಗಲಾಟೆಯಾಯಿತು. ಅದನ್ನು ಬರೆದುಕೊಂಡರೋ ಬಿಟ್ಟರೋ ತಿಳಿಯದು. ಹೊರಗೆ ಬಂದ ಮೇಲೆ ಸರ್ಕಾರಿ ವಕೀಲರು ಬೈದರು. “ಎರಡು ಅಕ್ಷರ ಹೇಳಿ ಅಂದ್ರೆ ಪುರಾಣ ಹೇಳಿದ್ರಲ್ಲಮ್ಮ!” ಆಮೇಲೆ ಅವರೇ, “ನೋಡೋಣ, ನೋಡಿದವರ ಸಾಕ್ಷಿ ಐತೆ, ವಿಡಿಯೋ ಐತೆ. ಕೇಸಿಗೇನೂ ಆಗಲ್ಲ” ಎಂದು ಹೋದರು.

ಆವರಣದ ಹೊಂಗೆ ಮರದ ಕಟ್ಟೆ ಮೇಲೆ ಕೂತೆ. ಶಿವಲೀಲಾ ಚೀಲ ಹಿಡಿದು ಬಂದು ಎದುರು ನಿಂತಳು. ಹೋಗಿ ಬರ್ತೀನಿ ಅನ್ನುತ್ತಾಳೆ ಎಂದುಕೊಂಡೆ.

“ನಾನೂ ಕೇಳಿಸಿದ್ದೆ ಅತ್ತೆ.”

“ಏನನ್ನ?”

“ಹೇಳಿಕೆ. ಶಿವರಾತ್ರಿ ಆದ ಮೇಲೆ ತವರಿಗೆ ಹೋಗಿದ್ನಲ್ಲ, ಆವಾಗ. ಅಣ್ಣನೇ ಕರ್ಕೊಂಡು ಹೋಗಿದ್ದ.”

ಗುರುಬಸವರಾಜ ಆಚೆ ಮುಖ ಮಾಡಿ ನಿಂತ.

“ಏನು ಬಂತು?”

“ಮನೆಯ ಹಿರೀ ಹೆಂಗಸು ದೇವರಿಗೆ ಹರಕೆ ಹೊತ್ತು ಮರೆತಾಳೆ. ಅದು ಮಗನಿಗೆ ತಟ್ಟಿತು ಅಂತ.”

“ಅದೇ ಅಜ್ಜನೇನೇ?” ಎಂದೆ.

“ಅಲ್ಲ. ಇದು ಬೇರೆ ಕಡೆ. ಹೆಣ್ಣುಮಗಳು.”

“ನೀನು ನಂಬಿದ್ಯಾ?”

“ಹ್ಞೂಂ. ಬಹಳ ದಿನ. ನಿಮ್ಮ ಮುಖ ನೋಡಾಕೆ ಆಗ್ತಿರಲಿಲ್ಲ. ನನ್ನ ಕೈ ಟೀ ನೀವು ಮುಟ್ತಿರಲಿಲ್ಲವಲ್ಲ, ಅದೇ ಒಳ್ಳೇದಾಯ್ತು, ಪೀಡೆ ತೊಲಗ್ತು, ಇವರಿಗೆ ಕಾಸಿ ಕೊಡೋದು ತಪ್ಪಿತು ಅನ್ಕೊಂಡೆ.”

“ಮತ್ತೆ ನನಗೆ ಯಾಕೆ ಹೇಳಲಿಲ್ಲ?”

“ನೀವು ಹೇಳಿದ್ರಾ?”

ಅವಳ ತುಟಿ ಅದುರಿತು. ನಗುತ್ತಾಳೋ ಏನೋ ಎಂದು ನೋಡಿದೆ. ನಗು ಅಲ್ಲ. ನನ್ನ ಮಗನ ಕೊಲೆಯಾಗಿ ಹದಿನಾಲ್ಕು ತಿಂಗಳು. ಇವಳು ಅತ್ತಿದ್ದನ್ನು ನಾನು ನೋಡಿದ್ದು ಅಲ್ಲಿ, ಕೋರ್ಟಿನ ಮುಂದೆ, ಕಡಲೆಕಾಯಿ ಮಾರುವವರ ನಡುವೆ. ನಿಂತೇ ಅತ್ತಳು. ನಾನು ಮುಟ್ಟಲು ಹೋದೆ, ಬೇಡ ಎಂದು ಕೈ ಅಡ್ಡ ಹಿಡಿದಳು. ಹಾಗೇ ಕೂತಿದ್ದೆ.

ಬಸ್‌ಸ್ಟ್ಯಾಂಡಿನಲ್ಲಿ ಜಗಳೂರು ಬಸ್ಸು ಒಂದು ಕಡೆ, ಹೊನ್ನಾಳಿ ಬಸ್ಸು ಒಂದು ಕಡೆ. ಇವರು ನನ್ನನ್ನು ಹತ್ತಿಸಿದರು. ಹಿಂದಿನ ಸೀಟು ಸಿಕ್ಕಿತು. ಕಿಟಕಿಯಿಂದ ನೋಡಿದೆ, ಅಣ್ಣ ತಂಗಿ ನಿಂತು ಮಾತಾಡುತ್ತಿದ್ದರು. ಅವನು ಏನೋ ಬೇಡ ಬೇಡ ಅನ್ನುತ್ತಿದ್ದ. ಬಸ್ಸು ಹೊರಡುವ ಹೊತ್ತಿಗೆ ಅವಳು ಮುಂದಿನ ಬಾಗಿಲಿಂದ ಹತ್ತಿದಳು. ನಮ್ಮ ಕಡೆ ನೋಡದೆ ಡ್ರೈವರ್ ಹಿಂದಿನ ಸೀಟಿನಲ್ಲಿ ಯಾರದೋ ಪಕ್ಕ ಕೂತಳು.

ಕಂಡಕ್ಟರ್ ಬಂದ. ಹೆಂಗಸರಿಗೆ ಟಿಕೆಟ್ ಫ್ರೀ, ಆದರೂ ಊರು ಹೇಳಲೇಬೇಕು. “ಎಲ್ಲಿಗಮ್ಮಾ?” ಎಂದು ಅವಳನ್ನು ಕೇಳಿದ. ಬಸ್ಸಿನ ಸದ್ದಿನಲ್ಲಿ ಕೇಳಿಸದು ಎಂದು ನಾನು ಎದ್ದು ನಿಂತೇಬಿಟ್ಟೆ.

“ನ್ಯಾಮತಿ” ಎಂದಳು. “ಹೊನ್ನಾಳಿಗೆ ಕೊಡ್ರಿ, ಅಲ್ಲಿಂದ ಬೇರೆ ಬಸ್ಸು.”

ಇವರು ನನ್ನ ಸೆರಗು ಎಳೆದು ಕೂರಿಸಿದರು. “ಬೀಳ್ತೀಯ.”

ಮುಂದೆ ದಾರಿಯುದ್ದಕ್ಕೂ ಅವಳು ತಿರುಗಿ ನೋಡಲಿಲ್ಲ. ನಾನೂ ಕರೆಯಲಿಲ್ಲ. ಹೊನ್ನಾಳಿ ಹತ್ತಿರ ಬಂತು. ಹೊಳೆ ಸೇತುವೆ ದಾಟಿ, ಬಸ್ಸು ಪೇಟೆಯೊಳಗೆ ನಿಧಾನವಾಯಿತು. ಹಿಂದಿನಿಂದ ಯಾವುದೋ ಗಾಡಿಯವನು ಹಾರನ್ ಹೊಡೆಯುತ್ತಲೇ ಇದ್ದ, ಬಿಡದೆ. ಇವರು ಎರಡೂ ಕಿವಿ ಮುಚ್ಚಿಕೊಂಡರು.

ಶಿವಲೀಲಾ ಮುಂದಿನ ಸೀಟಿನಿಂದ ಎದ್ದಳು. ಕಂಬಿ ಹಿಡಿದುಕೊಂಡು, ತೂರಾಡುತ್ತಾ, ಜನರ ನಡುವೆ ದಾರಿ ಮಾಡಿಕೊಂಡು ಹಿಂದಕ್ಕೆ ಬಂದಳು.

“ಸ್ವಲ್ಪ ಸರಕೊಳ್ರಿ ಅತ್ತೆ.”

ಸರಕೊಂಡೆ.